ಅಮ್ಮನ ಕೈಯಿಂದ ಹೋದ ಶಂಖ

ಇಂಥ ಸಂಗತಿಗಳನ್ನು ಯಾರಾದರೂ ಹೇಳಿದಾಗ ನಾನು ಸುಮ್ಮನೆ ಕೇಳಿಸಿಕೊಳ್ಳುತ್ತಿದ್ದೆ. ನಂಬುತ್ತಿರಲಿಲ್ಲ. ಹೇಳುವವರಿಗೆ ಬೇಸರವಾಗಬಾರದೆಂದು ನಂಬಿದಂತೆ ತಲೆಯಾಡಿಸುತ್ತಲೂ ಇರಲಿಲ್ಲ. ನಾನು ಓದಿದ್ದು ಸಂಖ್ಯಾಶಾಸ್ತ್ರ. ಕಾಕತಾಳೀಯ ಎಂದು ಜನ ಬೆರಗಾಗುವ ಬಹಳಷ್ಟು ಘಟನೆಗಳು ಅಷ್ಟೇನೂ ಅಪರೂಪದವಲ್ಲ ಎಂದು ಲೆಕ್ಕ ಹಾಕಿ ತೋರಿಸಬಲ್ಲೆ. ಈಗ ಬರೆಯುತ್ತಿರುವುದಕ್ಕೆ ಮಾತ್ರ ಅಂಥ ಲೆಕ್ಕ ನನಗೆ ಸಿಕ್ಕಿಲ್ಲ. ಆಫೀಸಿನಲ್ಲಿ ಯಾರಿಗೂ ಇದನ್ನು ಹೇಳಿಲ್ಲ. ಮನೆಯಲ್ಲೂ ನಾನು ಮತ್ತು ನನ್ನ ತಂಗಿ ಮೇಘಾ ಈ ವಿಷಯ ಎತ್ತುವುದಿಲ್ಲ.

ನಮ್ಮ ಮನೆ ಕ್ರೋಂಪೇಟೆಯಲ್ಲಿ. ಅಪ್ಪ ರೈಲ್ವೆಯಲ್ಲಿದ್ದಾರೆ. ಅಮ್ಮ ಕುಂದಾಪುರದ ಕಡೆಯವಳು. ಮದುವೆಯಾಗಿ ಚೆನ್ನೈಗೆ ಬಂದು ಇಷ್ಟು ವರ್ಷವಾದರೂ ಮನೆಯೊಳಗೆ ಅವಳು ಆಡುವುದು ಕುಂದಾಪುರದ ಮಾತೇ. ಮೇಘಾ ಅದಕ್ಕೆ ತಮಿಳಿನಲ್ಲಿ ಉತ್ತರ ಕೊಡುತ್ತಾಳೆ. ಇಬ್ಬರಿಗೂ ಅದರಿಂದ ತೊಂದರೆಯಾದದ್ದನ್ನು ನಾನು ನೋಡಿಲ್ಲ.

ಆ ವರ್ಷ ಅಮ್ಮನಿಗೆ ಹೃದಯದ ಆಪರೇಷನ್ ಆಗಿತ್ತು. ಬಗ್ಗಬಾರದು, ಭಾರ ಎತ್ತಬಾರದು ಎಂದು ಡಾಕ್ಟರ್ ಹೇಳಿದ್ದರು. ಮನೆಯ ಮುಂದಿನ ರಂಗೋಲಿಯನ್ನು ತಿಂಗಳುಗಟ್ಟಲೆ ನಾನೇ ಹಾಕುತ್ತಿದ್ದೆ. ನೆಟ್ಟಗಿನ ನಾಲ್ಕು ಗೆರೆ, ಅಷ್ಟೇ. ಅಮ್ಮನಿಗೆ ಅದು ಹಿಡಿಸುತ್ತಿರಲಿಲ್ಲ. ಧನುರ್ಮಾಸ ಶುರುವಾದ ಮೇಲಂತೂ ದಿನವೂ ಕಿಟಕಿಯಿಂದ ನೋಡಿ, "ಇದೆಂತ, ರಂಗೋಲಿಯಾ, ಕಿಟಕಿ ಸರಳಾ?" ಎನ್ನುತ್ತಿದ್ದಳು.

ಅದೇ ತಿಂಗಳಲ್ಲಿ ಮೇಘಾ ಒಂದು ಆಟಕ್ಕೆ ನಮ್ಮ ಹೆಸರು ಕೊಟ್ಟಳು. ಭಾನುವಾರಗಳಂದು ಒಂದು ಗುಂಪಿನವರು ನಡೆಸುತ್ತಿದ್ದ ಆಟ. ತಂಡಕ್ಕೆ ಮೂವರು. ಫೋನಿಗೆ ಒಂದೊಂದಾಗಿ ಸುಳಿವು ಬರುತ್ತದೆ, ಅದನ್ನು ಬಿಡಿಸಿ ಊರಿನ ಬೀದಿಗಳಲ್ಲಿ ಹುಡುಕಿ ಫೋಟೋ ಕಳಿಸಬೇಕು. ಪ್ರತಿ ಸಲವೂ ಒಂದು ವಿಷಯ. ಆ ಸಲದ್ದು ಮಾರ್ಗಳಿ, ಎಂದರೆ ಧನುರ್ಮಾಸದ ಕೋಲಂ. ಕೋಲಂ ಎಂದರೆ ನಮ್ಮ ರಂಗೋಲಿಯೇ. ಜಾಗ ಊರಿನ ಇನ್ನೊಂದು ತುದಿಯ ತಿರುವೊಟ್ಟಿಯೂರು. ಮೂರನೆಯವಳಾಗಿ ಮೇಘಾಳ ಗೆಳತಿ ನಿತ್ಯಾ ಸೇರಿದಳು. ಗುಂಪೆಂದರೆ ನನಗೆ ಮುಜುಗರ. ಆದರೂ ಆಸ್ಪತ್ರೆ, ಔಷಧಿ ಎಂದು ಕಳೆದ ತಿಂಗಳುಗಳ ನಂತರ ಮೇಘಾ ನಗುವುದನ್ನು ನೋಡಬೇಕೆನಿಸಿ ಒಪ್ಪಿಕೊಂಡೆ.

ಹೊರಡುವ ದಿನ ಇನ್ನೂ ಬೆಳಕು ಹರಿದಿರಲಿಲ್ಲ. ಚಪ್ಪಲಿ ಹಾಕಿಕೊಳ್ಳಲು ಬಾಗಿಲು ತೆರೆದರೆ ಅಮ್ಮ ಅಂಗಳದಲ್ಲಿ ಮಣೆಯ ಮೇಲೆ ಕೂತು ರಂಗೋಲಿ ಮುಗಿಸುತ್ತಿದ್ದಾಳೆ. ನನಗೆ ಸಿಟ್ಟು ಬಂತು. ಸಿಟ್ಟಿನ ಹಿಂದೆಯೇ ಹೇಳಲಾಗದ ಸಮಾಧಾನವೂ ಆಯಿತು. ಸುತ್ತ ಕೆಮ್ಮಣ್ಣಿನ ಅಂಚು, ನಡುವೆ ಎಳೆಗಳು, ಬಲಮೂಲೆಯಲ್ಲಿ ಅವಳ ಶಂಖ. ಆ ಶಂಖವನ್ನು ಅಮ್ಮ ಕೈ ಎತ್ತದೆ ಒಂದೇ ಗೆರೆಯಲ್ಲಿ ಬರೆಯುತ್ತಾಳೆ. ಬಾಲ ಒಳಕ್ಕೆ ಎರಡು ಸುತ್ತು ಸುತ್ತಿ ನಿಲ್ಲುತ್ತದೆ. ಅವಳ ಅಜ್ಜಿ ಕಲಿಸಿದ್ದಂತೆ. ಬೇರೆ ಯಾರ ಮನೆಯ ಮುಂದೆಯೂ ಅಂಥದ್ದನ್ನು ನಾನು ಕಂಡಿಲ್ಲ.

ಅವಸರದಲ್ಲಿ ಹೊರಬಂದ ಮೇಘಾ ಅದರ ಬಾಲದ ಮೇಲೆಯೇ ಶೂ ಇಟ್ಟಳು.

"ಕಣ್ ಕಾಂತಿಲ್ಯಾ ನಿಂಗೆ? ಎಷ್ಟ್ ತಿಂಗ್ಳ್ ಆದ್ಮೇಲೆ ಹಾಕಿದ್ ರಂಗೋಲಿ!" ಎಂದು ಅಮ್ಮ ಕೂಗಿದಳು.

"ಸಾರಿಮ್ಮಾ! ಟ್ರೈನ್ ಪೋಯಿಡುಂ!" ಗಾಡಿ ಹೋಗಿಬಿಡುತ್ತದೆ ಎನ್ನುತ್ತಾ ಮೇಘಾ ಆಗಲೇ ಗೇಟು ದಾಟಿದ್ದಳು. ಅಮ್ಮ ನಗುತ್ತಿದ್ದಳು. ಶಂಖದ ಬಾಲದ ಮೇಲೆ ಶೂವಿನ ಅಡಿಯ ಅಚ್ಚು ಬಿದ್ದಿತ್ತು. ಗೀರು ಗೀರಾಗಿ, ಸ್ಪಷ್ಟವಾಗಿ. ತಿರುಗಿ ನೋಡಿದ್ದರಿಂದ ನನಗೆ ನೆನಪಿದೆ.

ತಿರುವೊಟ್ಟಿಯೂರು ತಲುಪುವಾಗ ಬೆಳಗಾಗಿತ್ತು. ಒಂದು ಕಡೆಯಿಂದ ಕಡಲ ಗಾಳಿ, ಮೀನಿನ ವಾಸನೆ. ಇನ್ನೊಂದು ಕಡೆಯಿಂದ ಕಾರ್ಖಾನೆಯದು. ದೇವಸ್ಥಾನದ ಸುತ್ತಿನ ಬೀದಿಗಳಲ್ಲಿ ಪ್ರತಿ ಮನೆಯ ಮುಂದೂ ರಂಗೋಲಿ, ಕೆಲವಕ್ಕೆ ನಡುವೆ ಸಗಣಿ ಉಂಡೆ, ಅದರ ಮೇಲೆ ಕುಂಬಳದ ಹೂವು. ನವಿಲು ಹುಡುಕಿದೆವು, ದೀಪ ಹುಡುಕಿದೆವು, ಎಳೆ ಬಿಡದೆ ಸುತ್ತುವ ಬಳ್ಳಿ ಹುಡುಕಿದೆವು. ಮೇಘಾ ಮತ್ತು ನಿತ್ಯಾ ಓಡುತ್ತಿದ್ದರು. ನಾನೂ ಓಡಿದೆ.

ಕೊನೆಯ ಸುಳಿವು ಹೀಗಿತ್ತು: ಕೋಲಂ ಇಲ್ಲದ ಒಂದು ಮನೆ ಹುಡುಕಿ, ಅದರ ಮುಂದೆ ನೀವೇ ಒಂದು ಕೋಲಂ ಹಾಕಿ ಫೋಟೋ ಕಳಿಸಿ. ಅದಕ್ಕೆಂದು ಪ್ರತಿ ತಂಡಕ್ಕೂ ಮೊದಲೇ ಬಿಳಿ ಪುಡಿಯ ಪೊಟ್ಟಣ ಕೊಟ್ಟಿದ್ದರು. ಈ ಸುಳಿವು ಬರೆದವರಿಗೆ, ಮಾರ್ಗಳಿಯಲ್ಲಿ ಒಂದು ಮನೆಯ ಮುಂದೆ ರಂಗೋಲಿ ಇಲ್ಲವೆಂದರೆ ಸಾಮಾನ್ಯವಾಗಿ ಏನರ್ಥ ಎಂಬುದು ಗೊತ್ತಿರಲಿಲ್ಲವೆಂದು ಕಾಣುತ್ತದೆ.

ಅಂಥ ಮನೆ ಒಂದು ಸಣ್ಣ ಬೀದಿಯಲ್ಲಿ ಸಿಕ್ಕಿತು. ಹಸಿರು ಬಾಗಿಲು, ಬೀಗ. ಮುಂದಿನ ನೆಲ ಒಣಗಿ ಬೋಳಾಗಿತ್ತು.

ನಿತ್ಯಾ ಹಿಂಜರಿದಳು. "ವೇಂಡಾಂ ಅಕ್ಕಾ. ಯಾರಾವದು ಇರಂದಿರುಪ್ಪಾಂಗ." ಬೇಡ, ಯಾರಾದರೂ ಸತ್ತಿರಬಹುದು ಎಂದು.

"ಬೀಗ ಹಾಕಿದೆಯಲ್ಲೇ, ಊರಿಗೆ ಹೋಗಿರ್ತಾರೆ," ಎಂದು ಮೇಘಾ ತಮಿಳಿನಲ್ಲೇ ಹೇಳಿ ಕುಕ್ಕರುಗಾಲಲ್ಲಿ ಕೂತು ಒಂದು ನಕ್ಷತ್ರ ಬರೆದಳು. ಅವಳಿಗೆ ಬರುತ್ತಿದ್ದದ್ದು ಅದೊಂದೇ. ಬಿಳಿ ಗೆರೆ ಮಾತ್ರ. ನಮ್ಮ ಹತ್ತಿರ ಕೆಂಪು ಇರಲಿಲ್ಲ. ನಾನು ಫೋಟೋ ತೆಗೆದು ಕಳಿಸಿದೆ.

ಆಗ ಪಕ್ಕದ ಮನೆಯ ಜಗಲಿಯಲ್ಲಿ ಒಬ್ಬ ಮುದುಕಿ ಕೂತಿರುವುದು ಕಂಡಿತು. ಮೊದಲಿಂದಲೂ ಇದ್ದಳೋ, ಆಗ ಬಂದಳೋ ಹೇಳಲಾರೆ. "ಅದು ಸಾವು ವೀಡುಮ್ಮಾ," ಎಂದಳು, ಅದು ಸಾವಾದ ಮನೆ ಎಂದು. ಗದರಲಿಲ್ಲ. ಆ ಮನೆಯ ಯಜಮಾನಿ ನಿನ್ನೆ ಆಸ್ಪತ್ರೆಯಲ್ಲಿ ತೀರಿಕೊಂಡಳು, ಎದೆಯ ಕಾಯಿಲೆ, ಮಕ್ಕಳು ಇನ್ನೂ ಶವ ತಂದಿಲ್ಲ ಎಂದು ಹೇಳಿದಳು. ನಾವು ತಪ್ಪಾಯಿತೆಂದು ಕೈಮುಗಿದೆವು. ಅವಳು ನನ್ನನ್ನೇ ನೋಡಿ, "ಉಂಗ ವೀಡು ಎಂಗೆ?" ಎಂದು ಕೇಳಿದಳು.

ಮನೆ ಎಲ್ಲಿ ಎಂದು ಚೆನ್ನೈಯಲ್ಲಿ ಯಾವ ಮುದುಕಿಯೂ ಕೇಳುತ್ತಾಳೆ. ನಾನು ಗುರುತಿಲ್ಲದವರಿಗೆ ವಿಳಾಸ ಹೇಳುವವಳಲ್ಲ. ಆಟೋದವರಿಗೂ ಬೀದಿಯ ತುದಿಯಲ್ಲೇ ನಿಲ್ಲಿಸಲು ಹೇಳುತ್ತೇನೆ. ಆ ದಿನ ಸಂಕೋಚದಿಂದಲೋ ಏನೋ, ಕ್ರೋಂಪೇಟೆ ಎಂದೆ, ಬೀದಿಯ ಹೆಸರು ಹೇಳಿದೆ, ನೀಲಿ ಗೇಟು ಎಂದೂ ಹೇಳಿದೆ. ಅವಳು ತಲೆಯಾಡಿಸಿದಳು.

ಬೀದಿಯ ತುದಿಗೆ ಹೋಗುವಷ್ಟರಲ್ಲಿ ನಿತ್ಯಾ ಅಳುವಂತಾಗಿದ್ದಳು. ಹಾಗೆ ಬಿಟ್ಟು ಬರಬಾರದು, ಅಳಿಸೋಣ ಎಂದಳು. ಹಿಂದಿರುಗಿದೆವು.

ಹಸಿರು ಬಾಗಿಲ ಮುಂದೆ ಮೇಘಾಳ ನಕ್ಷತ್ರ ಇರಲಿಲ್ಲ. ಕೆಮ್ಮಣ್ಣಿನ ಅಂಚಿನ ರಂಗೋಲಿ ಇತ್ತು. ಬಲಮೂಲೆಯಲ್ಲಿ ಶಂಖ, ಒಂದೇ ಗೆರೆಯದು. ಬಾಲ ಒಳಕ್ಕೆ ಸುತ್ತುವಲ್ಲಿ ಶೂವಿನ ಅಚ್ಚು.

ಮೇಘಾ ನಿಧಾನವಾಗಿ ಕಾಲೆತ್ತಿ ತನ್ನ ಶೂವಿನ ಅಡಿಯನ್ನು ನೋಡಿಕೊಂಡಳು, ಮತ್ತೆ ನೆಲವನ್ನು ನೋಡಿದಳು. ಗೀರುಗಳು ಅವೇ. ಜಗಲಿಯ ಮೇಲೆ ಮುದುಕಿ ಇರಲಿಲ್ಲ. ಫೋಟೋ ತೆಗೆಯಬೇಕೆಂದು ಮೂವರಲ್ಲಿ ಒಬ್ಬರಿಗೂ ಹೊಳೆಯಲಿಲ್ಲ. ಮೇಘಾ ಅಳಿಸಲು ಕಾಲು ಚಾಚಿದಾಗ ನಾನು ಅವಳ ತೋಳು ಹಿಡಿದು ಎಳೆದೆ. ಅದು ಅಮ್ಮ ಹಾಕಿದ್ದು. ಅಳಿಸಿದರೆ ಏನಾಗುತ್ತದೆಂದು ನನಗೆ ಗೊತ್ತಿರಲಿಲ್ಲ. ಬಿಟ್ಟರೆ ಏನಾಗುತ್ತದೆಂದೂ ಗೊತ್ತಿರಲಿಲ್ಲ.

ಮನೆಗೆ ಫೋನು ಮಾಡಿದೆ. ಅಮ್ಮ ಎತ್ತಲಿಲ್ಲ. ಅಪ್ಪ ಡ್ಯೂಟಿಯಲ್ಲಿದ್ದರು, ಅವರ ಫೋನು ಆಫ್ ಆಗಿತ್ತು.

ಸೆಂಟ್ರಲ್‌ವರೆಗಿನ ಗಾಡಿಯಲ್ಲಿ ಮತ್ತೆ ಮತ್ತೆ ಮಾಡಿದೆ. ಅಲ್ಲಿಳಿದು ನಿತ್ಯಾಳನ್ನು ಅವಳ ಮನೆಯ ಕಡೆ ಕಳಿಸಿ, ಪಾರ್ಕ್ ಸ್ಟೇಷನ್ನಿಗೆ ಓಡಿ ತಾಂಬರಂ ಗಾಡಿ ಹತ್ತಿ ಮತ್ತೆ ಮಾಡಿದೆ. ರಿಂಗ್ ಆಗುತ್ತಲೇ ಇತ್ತು. ಮೇಘಾ ನನ್ನ ಕೈ ಹಿಡಿದುಕೊಂಡಿದ್ದಳು. ಚಿಕ್ಕಂದಿನ ನಂತರ ಅವಳು ಹಾಗೆ ಹಿಡಿದದ್ದೇ ಇಲ್ಲ. "ಅಕ್ಕಾ, ಅಮ್ಮಂಗೆ ಎಂತ ಆತಿಲ್ಲ ಅಲ್ದಾ?" ಎಂದು ಕೇಳಿದಳು. ಕುಂದಾಪುರದ ಕನ್ನಡದಲ್ಲಿ ಕೇಳಿದಳು. ಅವಳ ಬಾಯಿಂದ ಆ ಮಾತು ಕೇಳಿ ನನ್ನ ಹೆದರಿಕೆ ಇನ್ನಷ್ಟಾಯಿತು. ಏನೂ ಆಗುವುದಿಲ್ಲ ಎಂದೆ. ಎದುರು ಕೂತಿದ್ದ ಹೂವಿನ ಬುಟ್ಟಿಯ ಹೆಂಗಸು ನಮ್ಮನ್ನು ನೋಡಿ ಮುಖ ತಿರುಗಿಸಿಕೊಂಡಳು.

ನೀಲಿ ಗೇಟು ಅರೆತೆರೆದಿತ್ತು. ನಮ್ಮ ಬಾಗಿಲ ಮುಂದೆ ರಂಗೋಲಿ ಇರಲಿಲ್ಲ.

ಅಳಿಸಿದ್ದಲ್ಲ. ತೊಳೆದದ್ದೂ ಅಲ್ಲ, ನೆಲ ಒಣಗಿತ್ತು. ಸಿಮೆಂಟಿನ ಬಿರುಕುಗಳಲ್ಲಿ ಹಳೆಯ ಪುಡಿ ಸದಾ ಬೆಳ್ಳಗೆ ನಿಂತಿರುತ್ತದೆ. ಅದೂ ಇರಲಿಲ್ಲ. ಅಕ್ಕಪಕ್ಕದ ಮನೆಗಳ ಮುಂದೆ ಎಲ್ಲವೂ ಇದ್ದಂತೆಯೇ ಇತ್ತು.

ಅಮ್ಮ ಹಾಲಿನಲ್ಲಿ ಚಾಪೆಯ ಮೇಲೆ ಗೋಡೆಯ ಕಡೆ ತಿರುಗಿ ಮಲಗಿದ್ದಳು. ಫೋನು ತಲೆಯ ಹತ್ತಿರವೇ ಇತ್ತು. ಕರೆದೆ. ಅಲುಗಲಿಲ್ಲ. ಹೆಗಲು ಮುಟ್ಟಲು ನನಗೆ ಧೈರ್ಯವಾಗಲಿಲ್ಲ. ಇದನ್ನು ಮುಚ್ಚಿಡುವುದಿಲ್ಲ, ನನ್ನ ಕೈ ಮುಂದೆ ಹೋಗಲೇ ಇಲ್ಲ. ಮೇಘಾ ನನ್ನನ್ನು ತಳ್ಳಿಕೊಂಡು ಹೋಗಿ ಅಮ್ಮನ ಮೇಲೆ ಬಿದ್ದಳು.

"ಅಯ್ಯಯ್ಯೋ! ಎಂತ ಮಾರಾಯ್ತಿ, ಎದಿ ಹೊಲಿಗಿ ಬಿಚ್ಚತ್ತ್!" ಎಂದು ಅಮ್ಮ ಎದ್ದು ಕೂತಳು.

ನಾವಿಬ್ಬರೂ ಅತ್ತೆವು. ಯಾಕೆಂದು ಹೇಳಲಿಲ್ಲ. ರಂಗೋಲಿ ಹಾಕಿ ಒಳಗೆ ಬಂದಾಗ ತಡೆಯಲಾಗದ ನಿದ್ದೆ ಬಂತು, ಫೋನು ಕೇಳಿಸಲೇ ಇಲ್ಲ ಎಂದಳು ಅಮ್ಮ. ಆಮೇಲೆ ಹೊರಗೆ ಹೋಗಿ ನೋಡಿ, ಯಾರದೋ ನಾಯಿ ಮಲಗಿ ಎದ್ದಿರಬೇಕೆಂದು ಬೈದಳು. ನಾಯಿ ಕೆಮ್ಮಣ್ಣನ್ನು ಹಾಗೆ ಕೊಂಡೊಯ್ಯುವುದಿಲ್ಲ.

ಫೋಟೋ ಈಗಲೂ ನನ್ನ ಫೋನಿನಲ್ಲಿದೆ. ಅದರಲ್ಲಿರುವುದು ಮೇಘಾಳ ನಕ್ಷತ್ರವೇ. ಯಾರೋ ನಮ್ಮನ್ನು ಆಟವಾಡಿಸಿದರೆಂದು ಯೋಚಿಸಿದ್ದೇನೆ. ಮೂವರಿಗೂ ಒಟ್ಟಿಗೆ ಭ್ರಮೆಯಾಯಿತೆಂದೂ ಯೋಚಿಸಿದ್ದೇನೆ. ಎರಡೂ ನಮ್ಮ ಅಂಗಳದವರೆಗೆ ಬರುವಾಗ ನಿಂತುಬಿಡುತ್ತವೆ. ನಿತ್ಯಾಳಿಗೆ ಆ ಬೀದಿಗೆ ಮತ್ತೆ ಹೋಗುವಷ್ಟು ಗಟ್ಟಿತನವಿಲ್ಲ. ನನಗೂ ಇಲ್ಲ.

ಅಮ್ಮ ಚೆನ್ನಾಗಿದ್ದಾಳೆ. ಅವತ್ತೇ ಅಮ್ಮ ಮತ್ತೆ ಪುಡಿಯ ಡಬ್ಬಿ ತೆಗೆದುಕೊಂಡು ಅಂಗಳಕ್ಕೆ ಹೋದಳು. ತಡೆಯಲು ನಮಗೆ ಕಾರಣ ಹೇಳಲಾಗಲಿಲ್ಲ. ಅಂಚು ಎಳೆದಳು, ಎಳೆಗಳನ್ನು ಸೇರಿಸಿದಳು. ಬಲಮೂಲೆಗೆ ಬಂದಾಗ ಕೈ ನಿಂತಿತು. ಬೆರಳುಗಳ ನಡುವಿನಿಂದ ಪುಡಿ ಒಂದೇ ಕಡೆ ಸುರಿಯುತ್ತಿತ್ತು.

"ಶಂಖ ಹ್ಯಾಂಗ್ ಹಾಕುದ್ ಮಗಾ?" ಎಂದು ಕೇಳಿದಳು. "ಕೈಗೇ ಬತ್ತಿಲ್ಯಲೆ."

ಆಪರೇಷನ್ ಆದವರಿಗೆ ಸಣ್ಣ ಮರೆವು ಸಹಜ ಎಂದರು ಡಾಕ್ಟರ್. ಇರಬಹುದು. ಅಮ್ಮನಿಗೆ ಬೇರೆ ಯಾವುದೂ ಮರೆತಿಲ್ಲ. ಅಂದಿನಿಂದ ಅವಳ ರಂಗೋಲಿಯ ಬಲಮೂಲೆ ಖಾಲಿಯೇ ಇರುತ್ತದೆ. ಆ ಗೆರೆ ನನಗೆ ಗೊತ್ತು, ಎಲ್ಲಿ ಹೊರಟು ಎಲ್ಲಿ ಸುತ್ತುತ್ತದೆಂದು ಕಣ್ಣು ಮುಚ್ಚಿ ಹೇಳಬಲ್ಲೆ. ಹಾಕಿಕೊಡು ಎಂದು ಅಮ್ಮ ಒಮ್ಮೊಮ್ಮೆ ಕೇಳುತ್ತಾಳೆ. ಸಾವಿನ ಮನೆಗೆ ಹೋದದ್ದನ್ನು ಮತ್ತೆ ನಮ್ಮ ಅಂಗಳಕ್ಕೆ ತರಲು ನನಗೆ ಹೆದರಿಕೆ. ನನಗೆ ಬರುವುದಿಲ್ಲ ಎನ್ನುತ್ತೇನೆ.