ರಾಜನ ಮೇಜು ಒರೆಸಿದ ಕೈ

ಜ್ಲೀನ್ ಊರಿನ ಗೊಂಬೆಚಿತ್ರದ ಸ್ಟುಡಿಯೊದಲ್ಲಿ ದ್ರಾಹುಶೆ ಗೊಂಬೆಗಳಿಗೆ ಬಟ್ಟೆ ಹೊಲಿಯುತ್ತಿದ್ದಳು. ಅದಕ್ಕೆ ಮೊದಲು ಹನ್ನೊಂದು ವರ್ಷ ಶೂ ಕಾರ್ಖಾನೆಯಲ್ಲಿ ಅಟ್ಟೆಗೆ ಅಂಟು ಬಳಿದವಳು. ಆ ವಾಸನೆಗೆ ಮತ್ತೆ ಮರಳುವುದನ್ನು ನೆನೆದರೇ ಅವಳಿಗೆ ಉಸಿರು ಕಟ್ಟುತ್ತಿತ್ತು. "ಇಲ್ಲಿ ನನ್ನ ಸೂಜಿಗೆ ಮರ್ಯಾದೆ ಇದೆ ಕಣೇ" ಎಂದು ಕ್ಯಾಮೆರಾ ನೋಡಿಕೊಳ್ಳುತ್ತಿದ್ದ ನನಗೆ ಹೇಳುತ್ತಿದ್ದಳು.

ಆ ಚಳಿಗಾಲ ನಾವು ತೆಗೆಯುತ್ತಿದ್ದದ್ದು ಹೊಟ್ಟೆಬಾಕ ರಾಜನ ಕಥೆ. ಮೊದಲು ಮಂತ್ರಿಯನ್ನು ನುಂಗುತ್ತಾನೆ, ಆಮೇಲೆ ಗಸಗಸೆ ಬನ್ನು, ಕೊನೆಗೆ ರಾಣಿಯನ್ನೂ. ಗೊಂಬೆಯನ್ನು ಕೂದಲೆಳೆಯಷ್ಟು ಸರಿಸಿ ಒಂದು ಚಿತ್ರ, ಮತ್ತಷ್ಟು ಸರಿಸಿ ಇನ್ನೊಂದು. ನಡುವೆ ಮೇಜಿನ ಮೇಲಿನ ಒಂದು ಚೂರೂ ಅಲುಗಬಾರದು. ಹೀಗೆ ಎರಡು ವಾರ ದುಡಿದಿದ್ದೆವು.

ಸೋಮವಾರ ರಾಣಿಯ ತೋಳಿನ ಹೊಲಿಗೆ ಬಿಚ್ಚಿಕೊಂಡಿತು. ದ್ರಾಹುಶೆ ಬಂದು ನಾಲ್ಕು ಹೊಲಿಗೆ ಹಾಕಿದಳು, ದಾರ ಕಡಿದಳು, ಅಂಗೈಯಿಂದ ಮೇಜನ್ನು ಸವರಿ ಬನ್ನಿನ ಚೂರುಗಳನ್ನೆಲ್ಲ ಇನ್ನೊಂದು ಕೈಗೆ ಉದುರಿಸಿಕೊಂಡಳು. ಆಮೇಲೆ ಆ ಕೈಯನ್ನೇ ನೋಡುತ್ತ ನಿಂತುಬಿಟ್ಟಳು.

"ಏನ್ರೀ ಮಾಡಿದ್ರಿ!" ನಿರ್ದೇಶಕ ಹಿನೆಕ್ ಕೂಗಿದ. "ಒರೆಸೋಕೆ ಯಾರ್ರೀ ಹೇಳಿದ್ರು?"

"ಯಾರೂ ಹೇಳಿಲ್ಲ. ಮನೇಲೂ ಯಾರೂ ಹೇಳಲ್ಲ."

"ಗುರುವಾರ ಚಿತ್ರ ಪಾಸ್ ಮಾಡೋ ಕಮಿಟಿಯವರು ಬರ್ತಾರೆ. ಮೊದಲಿಂದ ತೆಗೆಯೋಕೆ ಟೈಮೆಲ್ಲಿದೆ? ಹೋಗಿ, ಅಂಟಿನ ಡಬ್ಬಿ ನಿಮಗೋಸ್ಕರ ಕಾಯ್ತಿದೆ!"

ಅವಳು ಹೋಗಲಿಲ್ಲ. "ರಾಣಿನೇ ಒರೆಸಿದ್ಲು ಅಂದ್ಕೊಳ್ಳಿ."

"ರಾಣಿ ಯಾಕ್ರೀ ಒರೆಸ್ತಾಳೆ?"

"ಇನ್ಯಾರು ಒರೆಸ್ತಾರೆ? ಮಂತ್ರೀನ ಆಗಲೇ ತಿಂದಾಯ್ತಲ್ಲ."

ನಾನು ನಕ್ಕುಬಿಟ್ಟೆ. ಹಿನೆಕ್ ಮುಖ ತಿರುಗಿಸಿಕೊಂಡ, ಆದರೆ ಅವನ ಭುಜ ಕುಲುಕುತ್ತಿತ್ತು.

ಮೂರು ದಿನ ನಾವು ಮನೆಗೆ ಹೋದದ್ದು ನಿದ್ದೆಗಷ್ಟೆ. ಚಿತ್ರದ ಹೊಸ ಕೊನೆಯಲ್ಲಿ ರಾಣಿಯ ಕೈ ಮಿಂಚಿನಂತೆ ಮೇಜು ಸವರಿತು, ಚೂರು ಮಾಯ. ಮತ್ತೆ ಸವರಿತು, ತಟ್ಟೆ ಮಾಯ. ಆಮೇಲೆ ರಾಜನ ಗಡ್ಡ, ಮೂಗು, ಹೊಟ್ಟೆ. ಉಳಿದದ್ದು ಕಿರೀಟ ಮಾತ್ರ. ಅದರಲ್ಲಿ ಕಾಳು ತುಂಬಿ ರಾಣಿ ಕೋಳಿಗಳಿಗೆ ಇಟ್ಟಳು.

ಗುರುವಾರ ಕಮಿಟಿಯ ಐವರು ಕೋಟು ಬಿಚ್ಚದೆ ಬಿಗಿಯಾಗಿ ಕೂತಿದ್ದರು. ರಾಜನ ಮೂಗು ಹೋದಾಗ ಟಿಪ್ಪಣಿ ಬರೆದುಕೊಳ್ಳುತ್ತಿದ್ದ ಹೆಂಗಸು ಕಿಸಕ್ಕೆಂದಳು. ಹೊಟ್ಟೆ ಹೋಗುವಷ್ಟರಲ್ಲಿ ಎಲ್ಲರೂ ನಗುತ್ತಿದ್ದರು. ಅಧ್ಯಕ್ಷರು ಮಾತ್ರ ಮೆಲ್ಲನೆ ತಮ್ಮ ಮೂಗು ಮುಟ್ಟಿ ನೋಡಿಕೊಂಡು, "ಪಾಸ್" ಎಂದರು.

ಹೊರಗೆ ಬಂದ ಹಿನೆಕ್ ದ್ರಾಹುಶೆಯ ಮುಖ ನೋಡದೆ, "ಮುಂದಿನ ಚಿತ್ರಕ್ಕೆ ಏಳು ಅಂಗಿ ಬೇಕು. ಸೋಮವಾರ ಶುರು ಮಾಡಿ" ಎಂದು ಹೊರಟುಹೋದ.

ಅವಳು ಮೆಟ್ಟಿಲ ಮೇಲೆ ಕುಸಿದು ಕೂತು ಉದ್ದಕ್ಕೆ ಉಸಿರು ಬಿಟ್ಟಳು. ಚೀಲದಿಂದ ಒಂದು ಗಸಗಸೆ ಬನ್ನು ತೆಗೆದು ಅರ್ಧ ನನಗೆ ಕೊಟ್ಟಳು. ಅವಳ ಮಡಿಲ ತುಂಬ ಚೂರು ಉದುರಿತು. ನಾನು ಕೊಡವಲು ಕೈ ಚಾಚಿದೆ.

"ಮುಟ್ಬೇಡ ಕಣೇ," ಎಂದಳು. "ಶೂಟಿಂಗ್ ನಡೀತಿದೆ."