ಡ್ರೈವರ್ ಮನೆಯ ಚಾಕೊಲೇಟ್

ಹೊಳಲ್ಕೆರೆಯಲ್ಲಿ ನಮ್ಮ ಪಕ್ಕದ ಮನೆಯವರು ನಿವೃತ್ತ ಬಸ್ ಡ್ರೈವರ್. ಜ್ವರದಿಂದ ಎದ್ದ ಹೆಂಡತಿಗೆ ಊಟ ಸೇರದಾದಾಗ ಅವರು ಚಾಕೊಲೇಟ್ ಮಾಡುವುದನ್ನು ಕಲಿತರು. ಬಿಸಿನೀರಿನ ಪಾತ್ರೆಯ ಮೇಲೆ ಚಾಕೊಲೇಟ್ ಕರಗಿಸಿ, ಹೆಚ್ಚಿದ ಖರ್ಜೂರ, ಒಣದ್ರಾಕ್ಷಿ ಕಲಸಿ, ತುಪ್ಪ ಸವರಿದ ತಟ್ಟೆಯಲ್ಲಿ ಚಮಚದಿಂದ ಸ್ವಲ್ಪ ಸ್ವಲ್ಪವೇ ಇಡುತ್ತಿದ್ದರು. ಗಟ್ಟಿಯಾದ ಮೇಲೆ ಒಂದನ್ನು ಅಂಗೈಯಲ್ಲಿಟ್ಟುಕೊಂಡು ಮಂಚದ ಪಕ್ಕ ನಿಲ್ಲುವರು.

“ಒಂದೇ ಒಂದು ತಿನ್ನೇ. ಆಮೇಲೆ ಕೇಳಲ್ಲ.”

ದಿನವೂ ಅದೇ ಮಾತು. ದಿನವೂ ಆಕೆ ಮುಖ ತಿರುಗಿಸುತ್ತಿದ್ದರು.

ಒಂದು ಬೆಳಿಗ್ಗೆ ನಾನು ಪೇಪರ್ ಕೊಡಲು ಹೋದಾಗಲೂ ಅವರು ಹಾಗೇ ನಿಂತಿದ್ದರು. ಚಾಕೊಲೇಟ್ ಕರಗಿ ಬೆರಳಿಗೆಲ್ಲ ಮೆತ್ತಿತ್ತು.

“ಬಸ್ಸಿಗೆ ಜನ ತುಂಬಿದಂಗೆ ನನ್ನ ಬಾಯಿಗೆ ತುರುಕಬ್ಯಾಡ್ರಿ,” ಎಂದು ಆಕೆ ನಕ್ಕರು. ಆ ಕರಗಿದ್ದನ್ನೇ ತೆಗೆದುಕೊಂಡು ತಿಂದರು.

“ಇನ್ನೊಂದು ಐತೇನ್ರಿ?”

ಅವರು ಕೈ ತೊಳೆಯುವುದನ್ನೂ ಮರೆತು, ತಟ್ಟೆಯನ್ನೇ ತಂದು ಆಕೆಯ ಮಡಿಲಲ್ಲಿಟ್ಟರು.