ಎದ್ದೈತೇನ?

ನಮ್ಮತ್ತೆ ನನ್ನ ಹಿಟ್ಟನ್ನು ಎಂದೂ ನಂಬಲಿಲ್ಲ. ಮೈದಾಕ್ಕೆ ಈಸ್ಟ್ ಹಾಕಿ, ಉಗುರುಬೆಚ್ಚಗಿನ ಹಾಲಿನಲ್ಲಿ ನಾದಿ, ಒದ್ದೆ ಬಟ್ಟೆ ಮುಚ್ಚಿ, ಅದು ಉಬ್ಬಲಿ ಎಂದು ತಾಸುಗಟ್ಟಲೆ ಕಾಯುತ್ತ ಕೂರುವ ನನ್ನನ್ನು ನೋಡಿ, "ರೊಟ್ಟಿ ಬಡಿಯಾಕ ಬ್ಯಾಸರಾದಾಕಿಗೆ ಚಲೋ ನೆವ ಸಿಕ್ಕೈತಿ" ಎನ್ನುತ್ತಿದ್ದರು. ನಿಪ್ಪಾಣಿಯ ಪೇಟೆಯಲ್ಲಿ ಬೆಳೆದ ನಾನು ಅಥಣಿ ಕಡೆಯ ಈ ದ್ರಾಕ್ಷಿ ತೋಟದ ಮನೆಗೆ ಸೊಸೆಯಾಗಿ ಬರುವಾಗ ಎರಡು ಸಾಮಾನು ತಂದಿದ್ದೆ: ಒಂದು ಓವನ್, ಇನ್ನೊಂದು ನನ್ನ ಬಾಯಿ. ಬಾಯಿಗೆ ಅತ್ತೆ ಬೇಗ ಒಗ್ಗಿಕೊಂಡರು, ಅವರ ಬಾಯೇನೂ ಕಮ್ಮಿ ಇರಲಿಲ್ಲ. ಓವನ್ನಿಗೆ ಒಗ್ಗಲು ಎರಡು ಸುಗ್ಗಿ ಬೇಕಾಯಿತು.

ಒಗ್ಗಿಸಿದ್ದು ನನ್ನ ದಡ್ಡತನವೇ. ದ್ರಾಕ್ಷಿ ಕೊಯ್ಲಿನ ದಿನಗಳಲ್ಲಿ ಗೊನೆಯಿಂದ ಉದುರಿದ ಹಣ್ಣು ಬುಟ್ಟಿಗಟ್ಟಲೆ ಮನೆಗೆ ಬರುತ್ತಿತ್ತು. ಅದನ್ನು ಹಸಿಯಾಗಿಯೇ ಹಿಟ್ಟಿನೊಳಗೆ ತುಂಬಿ ಬನ್ನು ಮಾಡಿದೆ. ಓವನ್ನಿನೊಳಗೆ ಹಣ್ಣು ಒಡೆದು ನೀರು ಸುರಿದು, ಬನ್ನಿನ ತಳವೆಲ್ಲ ಅಂಬಲಿಯಾಯಿತು. ಅತ್ತೆ ಸೆರಗು ಬಾಯಿಗಿಟ್ಟುಕೊಂಡು ನಕ್ಕರು.

"ಹೋಳಿಗಿ ಮಾಡಾಕ ಬರ್ತಿದ್ರ ಹಿಂಗ ಮಾಡ್ತಿದ್ದಿಲ್ಲ ನೀ. ಹೂರಣ ಮೊದ್ಲ ಕಾಸಿ ಗಟ್ಟಿ ಮಾಡಬೇಕವಾ. ಸರಿ ಆಚೆ."

ದ್ರಾಕ್ಷಿಗೆ ಬೆಲ್ಲ ಹಾಕಿ, ಸೌಟು ನೆಟ್ಟಗೆ ನಿಲ್ಲುವ ತನಕ ಕಾಯಿಸಿ, ಯಾಲಕ್ಕಿ, ಚೂರು ಒಣಶುಂಠಿ ಉದುರಿಸಿದರು. ಕಡುಬಿಗೆ ಮಾಡುವಂತೆ ಹಿಟ್ಟಿನ ಅಂಚು ಮಡಿಚಿ ಮಡಿಚಿ ಒತ್ತಿದರು. ಅವತ್ತಿನಿಂದ ಹಿಟ್ಟು ನನ್ನದು, ಹೂರಣ ಅವರದು. ನಮ್ಮಿಬ್ಬರ ನಡುವೆ ತಂಟೆಯಿಲ್ಲದ ಕೆಲಸ ಅದೊಂದೇ ಎಂದರೂ ನಡೆದೀತು.

ಅವರು ಪಡಸಾಲೆಯಲ್ಲಿ, ಅಡುಗೆಮನೆಯ ಕಿಟಕಿಯ ಹೊರಗೆ ನೆಲದ ಮೇಲೆ ಕೂತು ಹಣ್ಣು ಆರಿಸುತ್ತಿದ್ದರು. ಅಲ್ಲಿಂದಲೇ ಗಳಿಗೆಗೊಮ್ಮೆ ಕೂಗುತ್ತಿದ್ದರು: "ಎದ್ದೈತೇನ?" ಹಿಟ್ಟು ಉಬ್ಬಿದೆಯಾ ಎಂದು. ಒಳಗಿನಿಂದ ನಾನು, "ಇನ್ನಾ ಇಲ್ರಿ ಅತ್ಯಾರ, ಅರ್ಧಾ ತಾಸು." ಸ್ವಲ್ಪ ಹೊತ್ತಿಗೆ ಮತ್ತೆ, "ಎದ್ದೈತೇನ?" ಹಿಟ್ಟೆದ್ದ ಮೇಲೆಯೇ ಅವರು ಹೂರಣ ಒಲೆಯಿಂದ ಇಳಿಸುತ್ತಿದ್ದದ್ದು. ಹದಿನಾಲ್ಕು ಸುಗ್ಗಿ ಹೀಗೆ ಕಳೆದವು.

ಹೋದ ಸಂಕ್ರಾಂತಿ ಮುಗಿದ ವಾರ ಅವರಿಗೆ ಲಕ್ವಾ ಹೊಡೆಯಿತು. ಬಲಗೈ, ಬಲಗಾಲು, ಮಾತು ಮೂರೂ ಒಂದೇ ಬೆಳಗಿನಲ್ಲಿ ಹೋದವು. ಮಿರಜದ ಆಸ್ಪತ್ರೆಯಲ್ಲಿ ಹದಿನೈದು ದಿನ ಇಟ್ಟುಕೊಂಡು ಕಳಿಸುವಾಗ ಡಾಕ್ಟರು, "ಮಾತಾಡಸ್ಕೋತ ಇರ್ರಿ, ಒಂದೊಂದ ಶಬ್ದ ಬಂದೀತು" ಎಂದರು. ನಾನು ಪಡಸಾಲೆಯಲ್ಲಿ ಅದೇ ಕಿಟಕಿಯ ಕೆಳಗೆ ಅವರ ಮಂಚ ಹಾಕಿಸಿದೆ. ಅಡುಗೆ ಮಾಡುತ್ತಲೇ ಅವರ ದನಿ ಕೇಳಿಸಲಿ ಎಂದು. ಉಣ್ಣಿಸುವಾಗ ಬೆನ್ನಿಗೆ ದಿಂಬು ಕೊಟ್ಟು ಕೂರಿಸುವುದು, ಉಂಡಾದ ಮೇಲೆ ಮಲಗಿಸುವುದು. ಮಲಗಿದ್ದರೆ ಆರಾಮ ಎಂದು ನನಗೆ ನಾನೇ ತೀರ್ಮಾನಿಸಿಬಿಟ್ಟಿದ್ದೆ.

ಕೊಯ್ಲು ಶುರುವಾಗಿ ಮೊದಲ ಬುಟ್ಟಿ ಹಣ್ಣು ಮನೆಗೆ ಬಂದ ದಿನ, ನಾನು ಹಿಟ್ಟು ನಾದುತ್ತಿದ್ದಾಗ ಹೊರಗಿನಿಂದ ತೊದಲು ದನಿ ಕೇಳಿತು. "ಎದ್ದ... ಎದ್ದೈತಿ."

ಹಿಟ್ಟಿನ ಕೈಯಲ್ಲೇ ಓಡಿದೆ. ಎಡಗೈಯಿಂದ ಮಂಚದ ಪಟ್ಟಿ ಬಿಗಿಯಾಗಿ ಹಿಡಿದು, ನನ್ನ ಮುಖವನ್ನೇ ನೋಡುತ್ತ ಮತ್ತೆ ಅಂದರು, "ಎದ್ದೈತಿ." ನಾನು ಅತ್ತೇಬಿಟ್ಟೆ. ಅತ್ತೆಗೆ ಮಾತು ಬಂದಿತ್ತು, ಬಂದದ್ದೂ ನನ್ನ ಹಿಟ್ಟಿನ ಮಾತು! ಊರಲ್ಲಿ, ತವರಲ್ಲಿ, ಫೋನಿನಲ್ಲಿ ಸಿಕ್ಕಸಿಕ್ಕವರಿಗೆಲ್ಲ ಹೇಳಿಕೊಂಡೆ. ನನ್ನ ಗಂಡ, "ಅವ್ವ ನನ್ನ ಹೆಸರ ಮರತಾಳ, ನಿನ್ನ ಬನ್ನು ಮರತಿಲ್ಲ ನೋಡ" ಎಂದರು. ಆ ಮಾತಿಗೆ ನಾನು ಎಷ್ಟು ಬೀಗಿದೆನೆಂದರೆ, ಈಗ ನೆನೆದರೆ ನಾಚಿಕೆಯಾಗುತ್ತದೆ.

ಆಮೇಲೆ ದಿನ ಬಿಟ್ಟು ದಿನ ಬನ್ನು ಮಾಡತೊಡಗಿದೆ. ಹೂರಣವನ್ನೂ ನಾನೇ ಕಾಯಿಸಿದೆ. ಹಾಲಿನಲ್ಲಿ ನೆನೆಸಿ ತಿನ್ನಿಸಿದರೆ ಎರಡು ತುತ್ತು ತಿನ್ನುತ್ತಿದ್ದರು, ಕೆಲವೊಮ್ಮೆ ಮುಖ ತಿರುಗಿಸುತ್ತಿದ್ದರು. ಮಿಕ್ಕ ಹೊತ್ತೆಲ್ಲ ಅದೊಂದೇ ಮಾತು. ನಾನು ಒಳಗಿನಿಂದ ಹಳೆಯ ಉತ್ತರವನ್ನೇ ಕೊಡುತ್ತಿದ್ದೆ, "ಇನ್ನಾ ಇಲ್ರಿ ಅತ್ಯಾರ." ನಾನು ಹಿಟ್ಟು ನಾದದೇ ಇದ್ದ ದಿನವೂ ಅದನ್ನೇ ಅನ್ನುತ್ತಿದ್ದರು. ಪಾಪ, ಮರೆವು ಅಂದುಕೊಂಡೆ.

ಒಂದು ಮಧ್ಯಾಹ್ನ ಹಿಟ್ಟು ಏಳಲೇ ಇಲ್ಲ. ಹೊಸ ಈಸ್ಟ್ ಮುಗಿದು ಹಿಂದಿನ ವರ್ಷ ಒಡೆದಿಟ್ಟ ಪೊಟ್ಟಣ ಬಳಸಿದ್ದೆ, ಅದು ಸತ್ತು ಹೋಗಿತ್ತು. ಮೂರು ತಾಸು ಕಾದರೂ ಹಿಟ್ಟು ಬೋಗುಣಿಯ ತಳಕ್ಕೆ ಕಚ್ಚಿಕೊಂಡೇ ಕೂತಿತ್ತು. ಆಳುಗಳಿಗೆ ಊಟಕ್ಕೆ ಹೊತ್ತಾಗಿತ್ತು, ಬೆನ್ನು ಸಿಡಿಯುತ್ತಿತ್ತು. ಹೊರಗಿನಿಂದ ಬಿಡದೆ ಅದೇ ದನಿ. "ಎದ್ದೈತಿ. ಎದ್ದೈತಿ. ಎದ್ದೈತಿ."

ನಾನು ಕಿಟಕಿಯಿಂದ ತಲೆ ಹಾಕಿ ಕಿರುಚಿದೆ: "ಎದ್ದಿಲ್ಲಂದ್ರ ಎದ್ದಿಲ್ರೀ! ಎಷ್ಟ ಸಲ ಹೇಳ್ಬೇಕ ನಿಮಗ? ಸುಮ್ನ ಬೀಳ್ರಿ ಸಾಕ!"

ಅವರು ನನ್ನನ್ನು ನೋಡಿದರು. ಮಂಚದ ಪಟ್ಟಿ ಹಿಡಿದಿದ್ದ ಎಡಗೈಯನ್ನು ಮೆಲ್ಲಗೆ ಬಿಟ್ಟು, ಎದೆಯ ಮೇಲೆ ಇಟ್ಟುಕೊಂಡರು. ಕಣ್ಣಿನ ಅಂಚಿನಿಂದ ನೀರು ಕಿವಿಯ ಕಡೆಗೆ ಹರಿಯಿತು. ಸಂಜೆ ನಾನು ಪಕ್ಕದಲ್ಲಿ ಕೂತು, "ತಪ್ಪಾತ್ರಿ ಅತ್ಯಾರ, ಒಂದ ಸಲ ಕೇಳ್ರಿ" ಎಂದು ಗೋಗರೆದೆ. ಕೇಳಲಿಲ್ಲ. ಆ ಮಾತು ಮತ್ತೆ ಅವರ ಬಾಯಿಂದ ಬರಲೇ ಇಲ್ಲ. ಐದನೆಯ ದಿನ ಬೆಳಗ್ಗೆ ಎರಡನೆಯ ಸಲ ಲಕ್ವಾ ಹೊಡೆದು ತೀರಿಕೊಂಡರು.

ಬೈದು ಕಳಿಸಿದೆ ಎಂಬ ಸಂಕಟವೇ ನನಗೆ ಸಾಕಾಗಿತ್ತು. ಆದರೆ ಅದಕ್ಕಿಂತ ದೊಡ್ಡದೊಂದು ಕಾದಿತ್ತು.

ಭೋಜ ಎಂಬ ಊರಿಗೆ ಮದುವೆ ಮಾಡಿಕೊಟ್ಟಿದ್ದ ನನ್ನ ನಾದಿನಿ ತಿಂಗಳಾದ ಮೇಲೆ ಮತ್ತೆ ಬಂದಳು. ಇಬ್ಬರೂ ಪಡಸಾಲೆಯಲ್ಲಿ ಕೂತು ಅತ್ತೆಯ ಸೀರೆಗಳನ್ನು ಮಡಿಸುತ್ತಿದ್ದೆವು. ನಾನು ಅಳುತ್ತ ಹಿಟ್ಟಿನ ಕಥೆಯನ್ನೆಲ್ಲ ಹೇಳಿದೆ. ಅವಳು ಸೀರೆ ಮಡಿಸುವುದನ್ನು ನಿಲ್ಲಿಸಿದಳು.

"ಹಿಟ್ಟಿಂದಲ್ಲ ವೈನಿ ಅದು. ನಾ ನೋಡಾಕ ಬಂದಾಗೂ ಹಂಗ ಅಂದ್ಳು. ಹಿಂದ ಕೈ ಕೊಟ್ಟ ಎಬ್ಬಿಸಿ ಕುಂದರ್ಸಿದೆ. ಸುಮ್ಕಾದ್ಳು. ಎಬ್ಬಸ್ರಿ ಅನ್ನಾಕ ಬರ್ತಿದ್ದಿಲ್ಲ ಆಕಿಗೆ. ನಿಮಗ ಗೊತ್ತೈತಿ ಅಂತ ತಿಳದಿದ್ದೆ."

ಮಾತು ಕಳೆದುಕೊಂಡ ಬಾಯಿಗೆ, 'ಎಬ್ಬಿಸು' ಎಂಬುದರ ಹತ್ತಿರ ಸಿಕ್ಕಿದ್ದು ಹದಿನಾಲ್ಕು ವರ್ಷ ಕೂಗಿ ಕೂಗಿ ರೂಢಿಯಾದ ಅದೊಂದು ಶಬ್ದ. ಮಂಚದ ಪಟ್ಟಿ ಹಿಡಿದು ಎಳೆಯುತ್ತಿದ್ದ ಆ ಎಡಗೈ ನನ್ನ ಕಣ್ಣೆದುರಿಗೇ ಇತ್ತು. ನಾನು ಕೈ ನೋಡಲಿಲ್ಲ, ನನ್ನ ಬನ್ನಿನ ಮಾತು ಎಂದುಕೊಂಡು ಹಿಗ್ಗಿದೆ.

ನಾದಿನಿ ಹೋದ ಮೇಲೆ ಆ ಮಂಚದ ಮೇಲೆ ಅಂಗಾತ ಮಲಗಿ ನೋಡಿದೆ. ಮೇಲೆ ಪಡಸಾಲೆಯ ತಗಡು, ಅದರ ಮೊಳೆಗಳು, ಒಂದು ಜೇಡರ ಬಲೆ. ಬೇರೇನೂ ಇಲ್ಲ. ಮೊಣಕೈ ಊರಿ ಎದ್ದು ಕೂತೆ. ಕಿಟಕಿಯ ಆಚೆ, ಅಡುಗೆಕಟ್ಟೆಯ ಮೇಲೆ, ನಾನು ಯಾವಾಗಲೂ ಹಿಟ್ಟು ಇಡುವ ಜಾಗ ನಿಚ್ಚಳವಾಗಿ ಕಂಡಿತು. ಒಂದು ಸಲ ಬೆನ್ನ ಹಿಂದೆ ಕೈ ಕೊಟ್ಟಿದ್ದರೆ ಸಾಕಿತ್ತು, ಹಿಟ್ಟು ಎದ್ದಿದೆಯೋ ಇಲ್ಲವೋ ಅವರೇ ನೋಡಿಕೊಳ್ಳುತ್ತಿದ್ದರು.